ಧರ್ಮಬೋಧೆ ಬಿಟ್ಟು ಪಕ್ಷವಾದ ಎನ್ನಹ್ದಾ: ಟ್ಯುನೀಷಿಯಾದ ಒಂದು ಪ್ರಕರಣ ಅಧ್ಯಯನ

2016ರ ಮೇ 20ರಂದು ಟ್ಯೂನಿಸ್ ನಗರದ ಹೊರವಲಯದ ರಾದೆಸ್ ಕ್ರೀಡಾಂಗಣದಲ್ಲಿ ಎನ್ನಹ್ದಾ ಎಂಬ ಇಸ್ಲಾಮಿಕ್ ಸಂಘಟನೆಯ ಹತ್ತನೆಯ ಮಹಾಧಿವೇಶನ ಆರಂಭವಾಯಿತು. ಉದ್ಘಾಟನಾ ವೇದಿಕೆಯಲ್ಲಿ ಮಾತನಾಡಿದವರಲ್ಲಿ ದೇಶದ ಅಧ್ಯಕ್ಷ ಬೇಜಿ ಕೈದ್ ಎಸ್ಸೆಬ್ಸಿ ಕೂಡ ಇದ್ದರು. ಎನ್ನಹ್ದಾದ ನಾಯಕರನ್ನು 1981ರಲ್ಲಿ ಜೈಲಿಗೆ ಹಾಕಲಾಗಿತ್ತು. ಆಗಿನ ಸರ್ಕಾರದಲ್ಲಿ ಎಸ್ಸೆಬ್ಸಿ ವಿದೇಶಾಂಗ ಸಚಿವರಾಗಿದ್ದರು. ಅಧಿವೇಶನದ ಹೊತ್ತಿಗೆ ಅವರ ಪಕ್ಷವೂ ಎನ್ನಹ್ದಾವೂ ಒಂದೇ ಮೈತ್ರಿ ಸರ್ಕಾರದಲ್ಲಿದ್ದವು.

ಆ ಅಧಿವೇಶನ ತೆಗೆದುಕೊಂಡ ಮುಖ್ಯ ನಿರ್ಧಾರ ಒಂದೇ. ಇನ್ನು ಮುಂದೆ ಎನ್ನಹ್ದಾ ರಾಜಕೀಯ ಪಕ್ಷ ಮಾತ್ರ. ದಾವಾ ಎಂದು ಮುಸ್ಲಿಮರು ಕರೆಯುವ ಧರ್ಮಬೋಧೆ, ಮಸೀದಿಯ ಪ್ರವಚನ, ಸಮಾಜಸೇವೆ, ಧಾರ್ಮಿಕ ಶಿಕ್ಷಣ ಇವೆಲ್ಲ ಸ್ವತಂತ್ರ ಸಂಘಗಳ ಪಾಲು. ಪಕ್ಷದ ಪದಾಧಿಕಾರಿಗಳು ಮಸೀದಿಯಲ್ಲಿ ಪ್ರವಚನ ಕೊಡುವಂತಿಲ್ಲ, ಅಂಥ ಸಂಘಗಳ ಮುಂದಾಳುತನ ವಹಿಸುವಂತಿಲ್ಲ. ತಾವು ರಾಜಕೀಯ ಇಸ್ಲಾಮಿನಿಂದ ಹೊರಬಂದು ಮುಸ್ಲಿಂ ಪ್ರಜಾಪ್ರಭುತ್ವವಾದಿಗಳಾಗುತ್ತಿದ್ದೇವೆ ಎಂದು ಸಂಘಟನೆಯ ಮುಖ್ಯಸ್ಥ ರಾಶಿದ್ ಘನ್ನೂಶಿ ಸಾರಿದರು.

ಒಂದು ಧಾರ್ಮಿಕ ಸುಧಾರಣಾ ಚಳವಳಿ ಪಕ್ಷವಾಗಿ ಮಾರ್ಪಡುವುದು ಹೊಸ ಸಂಗತಿಯೇನಲ್ಲ. ಆದರೆ ತನ್ನ ಮೂಲ ಕಸುಬನ್ನೇ ಅಧಿಕೃತವಾಗಿ, ಸಭೆ ಸೇರಿಸಿ, ಮತಕ್ಕೆ ಹಾಕಿ ಬಿಟ್ಟುಕೊಟ್ಟ ಚಳವಳಿಗಳು ವಿರಳ. ಆ ನಿರ್ಧಾರ ಸರಿಯಾಗಿತ್ತೆಂದು ನಾನು ನಂಬುತ್ತೇನೆ. ಆದರೂ ಅದಾಗಿ ಐದೇ ವರ್ಷಕ್ಕೆ ಪಕ್ಷ ಒಡೆದುಹೋಯಿತು, ಏಳನೆಯ ವರ್ಷಕ್ಕೆ ಅದರ ನಾಯಕ ಜೈಲು ಸೇರಿದರು. ಎನ್ನಹ್ದಾ ಸೋತದ್ದು ಧರ್ಮವನ್ನು ಹೆಚ್ಚು ಹಿಡಿದುಕೊಂಡದ್ದಕ್ಕೂ ಅಲ್ಲ, ಬೇಗ ಬಿಟ್ಟದ್ದಕ್ಕೂ ಅಲ್ಲ. ನೀವು ಪ್ರಜಾಪ್ರಭುತ್ವವಾದಿಗಳೇ ಎಂದು ವಿರೋಧಿಗಳು ಕೇಳಿದ ಪ್ರಶ್ನೆಗೆ ಉತ್ತರ ಹೇಳುತ್ತ ಅದು ಮೂರು ದಶಕ ಕಳೆಯಿತು. ಅಷ್ಟರಲ್ಲಿ ಮತದಾರರು ಬೇರೆಯೇ ಪ್ರಶ್ನೆ ಕೇಳಲು ಆರಂಭಿಸಿದ್ದರು.

ಬೇರು

ಘನ್ನೂಶಿ ಹುಟ್ಟಿದ್ದು 1941ರಲ್ಲಿ, ದಕ್ಷಿಣದ ಗಾಬೆಸ್ ಬಳಿಯ ಎಲ್ ಹಮ್ಮಾದಲ್ಲಿ. ಶತಮಾನಗಳ ಹಳೆಯ ವಿದ್ಯಾಪೀಠವಾದ ಟ್ಯೂನಿಸ್‌ನ ಝೈತೂನಾದ ಅರಬ್ಬೀ ಶಿಕ್ಷಣ ಪಡೆದ ಕೊನೆಯ ತಲೆಮಾರಿಗೆ ಸೇರಿದವರು. 1956ರಲ್ಲಿ ದೇಶ ಸ್ವತಂತ್ರವಾದ ಮೇಲೆ ಮೊದಲು ಪ್ರಧಾನಿ, ಆಮೇಲೆ ಅಧ್ಯಕ್ಷರಾದ ಹಬೀಬ್ ಬೂರ್ಗೀಬಾ ಝೈತೂನಾದ ಬೋಧನೆಯನ್ನು ಮೊಟಕುಗೊಳಿಸಿದರು, ಧಾರ್ಮಿಕ ನ್ಯಾಯಾಲಯಗಳನ್ನು ಮುಚ್ಚಿದರು, ವಕ್ಫ್ ಆಸ್ತಿಯನ್ನು ಸರ್ಕಾರದ ವಶಕ್ಕೆ ತೆಗೆದುಕೊಂಡರು. ಅದೇ ವರ್ಷದ ಆಗಸ್ಟ್ 13ರಂದು ಬಂದ ಕುಟುಂಬ ಸಂಹಿತೆ ಬಹುಪತ್ನಿತ್ವವನ್ನು ನಿಷೇಧಿಸಿತು, ವಿಚ್ಛೇದನವನ್ನು ನ್ಯಾಯಾಲಯಕ್ಕೆ ಒಪ್ಪಿಸಿತು. ಅರಬ್ ಜಗತ್ತಿನಲ್ಲಿ ಅಂಥ ಕಾನೂನು ಬೇರೆಲ್ಲೂ ಇರಲಿಲ್ಲ. ಉಪವಾಸದಿಂದ ದೇಶದ ದುಡಿಮೆಗೆ ಪೆಟ್ಟು ಬೀಳುತ್ತದೆಂದು ವಾದಿಸಿದ ಬೂರ್ಗೀಬಾ ರಂಜಾನ್ ತಿಂಗಳ ಹಗಲಿನಲ್ಲಿ ಎಲ್ಲರೆದುರು ಹಣ್ಣಿನ ರಸ ಕುಡಿದದ್ದು ಇಂದಿಗೂ ಅಲ್ಲಿ ಮಾತಿಗೆ ಬರುತ್ತದೆ.

ಹೀಗೆ ಅರಬ್ಬೀ ಓದಿದವರಿಗೆ ಕೆಲಸವಿಲ್ಲ, ಫ್ರೆಂಚ್ ಬಲ್ಲವರ ಕೈಯಲ್ಲಿ ಅಧಿಕಾರ ಎಂಬ ಸ್ಥಿತಿಯಲ್ಲಿ, 1970ರ ದಶಕದ ಆರಂಭದಲ್ಲಿ, ಘನ್ನೂಶಿ, ವಕೀಲ ಅಬ್ದುಲ್ ಫತ್ತಾಹ್ ಮೂರೂ, ಹ್ಮೀದಾ ಎನ್ನೈಫರ್ ಮೊದಲಾದವರು ಮಸೀದಿಗಳಲ್ಲಿ ಸಣ್ಣ ಸಣ್ಣ ಅಧ್ಯಯನ ಗುಂಪುಗಳನ್ನು ಕಟ್ಟಿದರು. ಆಗ ಅದು ರಾಜಕೀಯ ಸಂಘಟನೆಯಾಗಿರಲಿಲ್ಲ. ನಮಾಜು, ನಡತೆ, ಓದು ಇಷ್ಟೇ. ಅವರನ್ನು ಬೀದಿಗೆ ತಂದದ್ದು 1978ರ ಜನವರಿ 26ರ ಸಾರ್ವತ್ರಿಕ ಮುಷ್ಕರ. ದೇಶದ ಬಲಿಷ್ಠ ಕಾರ್ಮಿಕ ಒಕ್ಕೂಟ ಕರೆ ಕೊಟ್ಟ ಆ ಮುಷ್ಕರದ ಮೇಲೆ ಸೈನ್ಯ ಗುಂಡು ಹಾರಿಸಿತು. ಸುತ್ತಲ ಜನ ಕೂಲಿಗಾಗಿ ಸಾಯುತ್ತಿರುವಾಗ ತಾವು ನೀತಿಯ ಪಾಠ ಹೇಳುತ್ತ ಕುಳಿತಿದ್ದೇವಲ್ಲ ಎಂಬ ಪ್ರಶ್ನೆ ಚಳವಳಿಯೊಳಗೆ ಎದ್ದಿತು. ಎಡಪಂಥೀಯರಿಂದ ಕಲಿಯಬೇಕಾದದ್ದಿದೆ ಎಂದು ಘನ್ನೂಶಿ ಆಗಲೇ ಒಪ್ಪಿಕೊಂಡರು. ಎನ್ನೈಫರ್ ಇನ್ನೂ ಮುಂದೆ ಹೋಗಿ ಬೇರೆಯಾದರು.

1981ರ ಜೂನ್ 6ರಂದು ಟ್ಯೂನಿಸ್‌ನಲ್ಲಿ ಪತ್ರಿಕಾಗೋಷ್ಠಿ ಕರೆದು ಅವರು ಇಸ್ಲಾಮಿಕ್ ಪ್ರವೃತ್ತಿ ಚಳವಳಿ ಎಂಬ ಹೆಸರಿನಲ್ಲಿ ಬಹಿರಂಗವಾಗಿ ಕಾಣಿಸಿಕೊಂಡರು. ಬಹುಪಕ್ಷ ಪದ್ಧತಿಯನ್ನು ಒಪ್ಪುತ್ತೇವೆ, ಹಿಂಸೆಯನ್ನು ತಿರಸ್ಕರಿಸುತ್ತೇವೆ ಎಂದು ಹೇಳಿ ಪಕ್ಷದ ಮಾನ್ಯತೆಗೆ ಅರ್ಜಿ ಹಾಕಿದರು. ಕೆಲವೇ ವಾರಗಳಲ್ಲಿ ನಾಯಕರೆಲ್ಲ ಬಂಧನದಲ್ಲಿದ್ದರು. ಈ ಜೋಡಣೆಯನ್ನು ಓದುಗರು ಗಮನಿಸಬೇಕು. ಪಕ್ಷವಾಗುವ ಆಸೆ ಮೊದಲಿನಿಂದಲೂ ಇತ್ತು. ಬಾಗಿಲು ಮುಚ್ಚಿದ್ದರಿಂದ ಅದು ಮೂವತ್ತು ವರ್ಷ ಚಳವಳಿಯಾಗಿಯೇ ಉಳಿಯಿತು. ಬೋಧೆಯೂ ರಾಜಕೀಯವೂ ಒಂದೇ ಚೀಲದಲ್ಲಿ ಉಳಿದದ್ದಕ್ಕೆ ಸಿದ್ಧಾಂತ ಎಷ್ಟು ಕಾರಣವೋ ಆ ನಿಷೇಧವೂ ಅಷ್ಟೇ ಕಾರಣ.

ನಿಷೇಧದ ವರ್ಷಗಳು

1987ರಲ್ಲಿ ಘನ್ನೂಶಿಗೆ ಜೀವಾವಧಿ ಶಿಕ್ಷೆಯಾಯಿತು. ಗಲ್ಲಿಗೇ ಹಾಕಬೇಕೆಂದು ಬೂರ್ಗೀಬಾ ಹಟ ಹಿಡಿದಿರುವಾಗ, ಅದೇ ನವೆಂಬರ್ 7ರಂದು ಪ್ರಧಾನಿ ಝೈನುಲ್ ಆಬಿದೀನ್ ಬೆನ್ ಅಲಿ ಅವರನ್ನು ಕೆಳಗಿಳಿಸಿ ಅಧಿಕಾರ ಹಿಡಿದರು. ಬಂಧಿತರು ಹೊರಬಂದರು. 1988ರ ರಾಷ್ಟ್ರೀಯ ಒಪ್ಪಂದಕ್ಕೆ ಚಳವಳಿಯ ಪ್ರತಿನಿಧಿಯೂ ಸಹಿ ಹಾಕಿದರು. ಆ ಒಪ್ಪಂದದಲ್ಲಿ ಕುಟುಂಬ ಸಂಹಿತೆಯ ಸಮರ್ಥನೆಯೂ ಸೇರಿತ್ತು. ಪಕ್ಷದ ಹೆಸರಿನಲ್ಲಿ ಧರ್ಮದ ಉಲ್ಲೇಖ ಇರಬಾರದೆಂದು ಕಾನೂನು ಬಂದಾಗ, ಅವರು ಹೆಸರನ್ನೇ ಬದಲಿಸಿ ಎನ್ನಹ್ದಾ ಆದರು. ಆದರೂ ಮಾನ್ಯತೆ ಸಿಗಲಿಲ್ಲ.

1989ರ ಏಪ್ರಿಲ್ ಚುನಾವಣೆಯಲ್ಲಿ ಅವರ ಬೆಂಬಲಿಗರು ಪಕ್ಷೇತರರಾಗಿ ನಿಂತರು. ಅಧಿಕೃತ ಲೆಕ್ಕದಲ್ಲಿಯೇ ಸುಮಾರು ಶೇ 14ರಷ್ಟು ಮತ ಬಂತು. ಆಳುವ ಪಕ್ಷ 141 ಸ್ಥಾನಗಳಲ್ಲಿ 141ನ್ನೂ ತೆಗೆದುಕೊಂಡಿತು. ಘನ್ನೂಶಿ ದೇಶ ಬಿಟ್ಟು ಮೊದಲು ಅಲ್ಜೀರಿಯಾಕ್ಕೆ, ಆಮೇಲೆ ಲಂಡನ್ನಿಗೆ ಹೋದರು. 1991ರ ಫೆಬ್ರುವರಿಯಲ್ಲಿ ಟ್ಯೂನಿಸ್‌ನ ಬಾಬ್ ಸುವೈಕಾದಲ್ಲಿ ಆಳುವ ಪಕ್ಷದ ಕಚೇರಿಯ ಮೇಲೆ ದಾಳಿ ನಡೆದು ಒಬ್ಬ ಕಾವಲುಗಾರ ಸತ್ತ. ಅಬ್ದುಲ್ ಫತ್ತಾಹ್ ಮೂರೂ ಅದನ್ನು ಖಂಡಿಸಿ ಹೊರನಡೆದರು. ಆ ದಾಳಿಯ ಕರಿನೆರಳು ಸಂಘಟನೆಯನ್ನು ಇಂದಿಗೂ ಬಿಟ್ಟಿಲ್ಲ. ಬಿಡಬೇಕಾಗಿಯೂ ಇಲ್ಲ, ಒಬ್ಬ ಮನುಷ್ಯನ ಜೀವ ಹೋಗಿದೆ. ಮುಂದಿನ ಎರಡು ವರ್ಷಗಳಲ್ಲಿ ಸಾವಿರಾರು ಮಂದಿ ಜೈಲು ಸೇರಿದರು, ಸೇನಾ ನ್ಯಾಯಾಲಯಗಳು ಸಾಲುಸಾಲಾಗಿ ಶಿಕ್ಷೆ ವಿಧಿಸಿದವು.

ಆ ಜೈಲುಗಳನ್ನು ಒಬ್ಬರ ಮೂಲಕ ಹತ್ತಿರದಿಂದ ನೋಡಬಹುದು. ಅಲಿ ಲರಾಯೆದ್ 1990ರಿಂದ 2004ರವರೆಗೆ ಬಂದಿಯಾಗಿದ್ದರು, ಅದರ ಬಹುಭಾಗ ಏಕಾಂತ ಕೋಣೆಯಲ್ಲಿ. ಗೃಹ ಸಚಿವಾಲಯದ ನೆಲಮಾಳಿಗೆಯಲ್ಲಿ ಅವರಿಗೆ ಚಿತ್ರಹಿಂಸೆ ಕೊಡಲಾಗಿತ್ತು. 2011ರ ಡಿಸೆಂಬರಿನಲ್ಲಿ ಅದೇ ಸಚಿವಾಲಯಕ್ಕೆ ಅವರು ಸಚಿವರಾಗಿ ಬಂದರು. ತಮ್ಮ ಮೇಲೆ ನಿಗಾ ಇಟ್ಟಿದ್ದ, ತಮ್ಮವರನ್ನು ಹೊಡೆದಿದ್ದ ವ್ಯವಸ್ಥೆಯ ಮೇಲ್ವಿಚಾರಣೆ ಅವರ ಪಾಲಿಗೆ ಬಂತು. ಅಲ್ಲಿ ಸೇಡಿನ ಅಭಿಯಾನ ನಡೆಯಲಿಲ್ಲ. ಇದು ಸಣ್ಣ ಮಾತಲ್ಲ. ಆದರೆ ಆ ಪೊಲೀಸ್ ವ್ಯವಸ್ಥೆಯನ್ನು ಬುಡದಿಂದ ಸುಧಾರಿಸುವ ಕೆಲಸವೂ ನಡೆಯಲಿಲ್ಲ ಎಂಬುದನ್ನು ಇಲ್ಲಿಯೇ ಹೇಳಿಬಿಡಬೇಕು. 2022ರ ಡಿಸೆಂಬರಿನಲ್ಲಿ ಲರಾಯೆದ್ ಮತ್ತೆ ಬಂಧನಕ್ಕೊಳಗಾದರು.

ಎನ್ನಹ್ದಾದ ನಿಜವಾದ ಮಾರ್ಪಾಡು 2016ರಲ್ಲಿ ಆಯಿತೆಂದು ಬರೆಯುವವರು 2005ನ್ನು ಮರೆಯುತ್ತಾರೆ. ಆ ವರ್ಷದ ಅಕ್ಟೋಬರ್ 18ರಂದು, ವಿಶ್ವಸಂಸ್ಥೆಯ ಮಾಹಿತಿ ಸಮಾಜ ಶೃಂಗಸಭೆ ಟ್ಯೂನಿಸ್‌ನಲ್ಲಿ ನಡೆಯಲು ಒಂದು ತಿಂಗಳಿರುವಾಗ, ಎಂಟು ಮಂದಿ ಉಪವಾಸ ಕುಳಿತರು. ಅವರಲ್ಲಿ ಜಾತ್ಯತೀತ ಪಕ್ಷವೊಂದರ ನಾಯಕ ಅಹ್ಮದ್ ನಜೀಬ್ ಶೆಬ್ಬಿ ಇದ್ದರು, ಕಮ್ಯುನಿಸ್ಟ್ ಹಮ್ಮಾ ಹಮ್ಮಾಮಿ ಇದ್ದರು, ಎನ್ನಹ್ದಾದ ಕಡೆಯ ವಕೀಲ ಸಮೀರ್ ದಿಲೂ ಇದ್ದರು. ಕೇಳಿದ್ದು ಮೂರೇ: ಸಂಘಟನೆಯ ಸ್ವಾತಂತ್ರ್ಯ, ಪತ್ರಿಕಾ ಸ್ವಾತಂತ್ರ್ಯ, ರಾಜಕೀಯ ಕೈದಿಗಳ ಬಿಡುಗಡೆ. ಉಪವಾಸ ಮುಗಿದ ಮೇಲೆ ಆ ಕೂಟ ಚದುರಲಿಲ್ಲ. ವರ್ಷಗಟ್ಟಲೆ ಕುಳಿತು ಚರ್ಚಿಸಿತು. 2007ರ ಮಾರ್ಚ್ 8ರಂದು ಹೆಣ್ಣು ಗಂಡಿನ ಸಮಾನತೆಯ ಬಗ್ಗೆ ಜಂಟಿ ಹೇಳಿಕೆ ಹೊರಡಿಸಿ, ಕುಟುಂಬ ಸಂಹಿತೆಯ ಗಳಿಕೆಗಳನ್ನು ಕಾಪಾಡುವುದಾಗಿ ಎಲ್ಲರೂ ಒಪ್ಪಿದರು. ಆಮೇಲೆ ಧರ್ಮ ಮತ್ತು ಪ್ರಭುತ್ವದ ಸಂಬಂಧದ ಬಗೆಗೂ ಹಾಗೆಯೇ ಆಯಿತು. ಯಾವ ಅಧಿಕಾರವೂ ಕೈಯಲ್ಲಿಲ್ಲದ, ಚುನಾವಣೆಯ ಲಾಭ ಕಣ್ಣಿಗೂ ಕಾಣದ ಕಾಲದಲ್ಲಿ ಕೊಟ್ಟ ಮಾತು ಅದು. ನನ್ನ ಮಟ್ಟಿಗೆ ಇಡೀ ಪ್ರಕರಣದಲ್ಲಿ ಅತ್ಯಂತ ನಂಬತಕ್ಕ ಸಾಕ್ಷ್ಯ ಇದೇ.

ಅಧಿಕಾರ ಬಂದಾಗ

2010ರ ಡಿಸೆಂಬರ್ 17ರಂದು ಸಿದಿ ಬೂಝೀದ್ ಪಟ್ಟಣದಲ್ಲಿ ತಳ್ಳುಗಾಡಿಯ ವ್ಯಾಪಾರಿ ಮೊಹಮ್ಮದ್ ಬೂಅಝೀಝಿ ಬೆಂಕಿ ಹಚ್ಚಿಕೊಂಡರು. 2011ರ ಜನವರಿ 14ರಂದು ಬೆನ್ ಅಲಿ ದೇಶ ಬಿಟ್ಟು ಓಡಿದರು. ಆ ಬಂಡಾಯವನ್ನು ಎನ್ನಹ್ದಾ ಆರಂಭಿಸಲಿಲ್ಲ, ಮುನ್ನಡೆಸಲೂ ಇಲ್ಲ. ಜನವರಿ 30ರಂದು ಘನ್ನೂಶಿ ಲಂಡನ್ನಿನಿಂದ ಮರಳಿದರು, ಮಾರ್ಚ್ 1ರಂದು ಪಕ್ಷಕ್ಕೆ ಮಾನ್ಯತೆ ಸಿಕ್ಕಿತು. ಅಕ್ಟೋಬರ್ 23ರ ಸಂವಿಧಾನ ಸಭೆಯ ಚುನಾವಣೆಯಲ್ಲಿ 217ರಲ್ಲಿ 89 ಸ್ಥಾನ, ಸುಮಾರು 15 ಲಕ್ಷ ಮತ. ಎರಡು ಜಾತ್ಯತೀತ ಪಕ್ಷಗಳ ಜತೆ ಸೇರಿ ಸರ್ಕಾರ ರಚಿಸಿತು. ಹದಿನೈದು ವರ್ಷ ಜೈಲಿನಲ್ಲಿದ್ದ ಹಮ್ಮಾದಿ ಜಿಬಾಲಿ ಪ್ರಧಾನಿಯಾದರು.

ಆಗ ಎನ್ನಹ್ದಾ ಚಳವಳಿಯೂ ಹೌದು, ಪಕ್ಷವೂ ಹೌದು, ಸರ್ಕಾರವೂ ಹೌದು. ಮೂರಕ್ಕೂ ಅದೇ ಜನ. ಇದರ ಕಷ್ಟ ಬೇಗನೆ ಬೆಳಕಿಗೆ ಬಂತು. ಸಂವಿಧಾನದಲ್ಲಿ ಶರೀಯತ್ತನ್ನು ಕಾನೂನಿನ ಮೂಲವೆಂದು ಬರೆಯಬೇಕೆಂದು ಬೀದಿಯಲ್ಲಿ ಕಟ್ಟಾ ಸಂಪ್ರದಾಯವಾದಿಗಳಾದ ಸಲಫಿಗಳೂ ಪಕ್ಷದೊಳಗೆ ಸಾದಿಕ್ ಶುರೂ, ಹಬೀಬ್ ಎಲ್ಲೂಝ್ ಅಂಥ ನಾಯಕರೂ ಒತ್ತಾಯಿಸಿದರು. 2012ರ ಮಾರ್ಚ್ ಕೊನೆಯಲ್ಲಿ ಪಕ್ಷ ಬೇಡವೆಂದು ತೀರ್ಮಾನಿಸಿತು. ದೇಶದ ಧರ್ಮ ಇಸ್ಲಾಂ ಎಂದು ಹೇಳುವ 1959ರ ಸಂವಿಧಾನದ ಮೊದಲ ವಿಧಿಯೇ ಸಾಕು, ಜನರನ್ನು ಒಡೆಯುವ ಪದ ತಮಗೆ ಬೇಕಿಲ್ಲ ಎಂಬುದು ಘನ್ನೂಶಿಯವರ ವಾದ. ಆದರೆ ಅದೇ ಆಗಸ್ಟಿನಲ್ಲಿ, ಹೆಣ್ಣನ್ನು ಗಂಡಿಗೆ ಪೂರಕಳೆಂದು ಬಣ್ಣಿಸುವ ಕರಡು ವಿಧಿಯೊಂದನ್ನು ಅದೇ ಪಕ್ಷದವರು ಮುಂದಿಟ್ಟರು. ಆಗಸ್ಟ್ 13ರಂದು ಸಾವಿರಾರು ಹೆಂಗಸರು ಬೀದಿಗಿಳಿದರು, ಕರಡು ಹಿಂದಕ್ಕೆ ಹೋಯಿತು. 2007ರಲ್ಲಿ ಒಪ್ಪಿದ ಮಾತು ಕೆಳಗಿನ ಸಾಲಿನವರೆಗೆ ಇಳಿದಿರಲಿಲ್ಲ ಎಂಬುದಕ್ಕೆ ಬೇರೆ ಪುರಾವೆ ಬೇಡ. ಮಾತುಕತೆ ನಡೆಸಿದವರು ದೇಶದೊಳಗಿನ ಬೆರಳೆಣಿಕೆಯ ಮಂದಿ ಮತ್ತು ಗಡೀಪಾರಾಗಿದ್ದ ನಾಯಕರು. ಸದಸ್ಯರು ಜೈಲಿನಲ್ಲಿದ್ದರು, ಇಲ್ಲವೇ ಬಾಯಿ ಮುಚ್ಚಿಕೊಂಡು ಬದುಕುತ್ತಿದ್ದರು.

ಇನ್ನೊಂದು ತೊಡಕು ಮಸೀದಿಗಳದು. ಬೆನ್ ಅಲಿಯ ಕಾಲದ ಇಮಾಮರನ್ನು ಜನ ಹೊರದಬ್ಬಿದಾಗ ನೂರಾರು ಮಸೀದಿಗಳು ಸಲಫಿಗಳ ಕೈಗೆ ಹೋದವು. ಅವರಿಗೆ ಎದುರಾಗಿ ನಿಲ್ಲಬಲ್ಲ, ಮಾತು ಬಲ್ಲ ಎನ್ನಹ್ದಾದ ಹಿರಿಯರೆಲ್ಲ ಸಂಸತ್ತಿನಲ್ಲಿ, ಸಚಿವಾಲಯಗಳಲ್ಲಿ ಕುಳಿತಿದ್ದರು. ಘನ್ನೂಶಿ ಸಲಫಿ ಮುಖಂಡರ ಜತೆ ಮಾತನಾಡಿದ ಗುಪ್ತ ದೃಶ್ಯವೊಂದು 2012ರ ಅಕ್ಟೋಬರಿನಲ್ಲಿ ಹೊರಬಿತ್ತು. ತಾಳ್ಮೆಯಿಂದಿರಿ, ಸೈನ್ಯ ಮತ್ತು ಪೊಲೀಸ್ ಇನ್ನೂ ನಮ್ಮ ಭರವಸೆಗೆ ಬಂದಿಲ್ಲ ಎಂಬ ಧಾಟಿಯ ಮಾತು ಅದರಲ್ಲಿತ್ತು. ಅವರನ್ನು ಸಮಾಧಾನಪಡಿಸಲು ಆಡಿದ್ದೆಂದು ಪಕ್ಷ ವಿವರಿಸಿತು. ಇದ್ದರೂ ಇರಬಹುದು. ಆದರೆ ಬೋಧಕನಾಗಿ ಒಂದು ಸಭೆಯಲ್ಲಿ ಒಂದು ಮಾತು, ರಾಜಕಾರಣಿಯಾಗಿ ಇನ್ನೊಂದು ಸಭೆಯಲ್ಲಿ ಇನ್ನೊಂದು ಮಾತು ಎಂಬ ಅನುಮಾನಕ್ಕೆ ಆ ದೃಶ್ಯ ಗಟ್ಟಿ ಆಧಾರ ಒದಗಿಸಿತು.

ಅದೇ ವರ್ಷದ ಜುಲೈನಲ್ಲಿ ನಡೆದ ಒಂಬತ್ತನೆಯ ಅಧಿವೇಶನದಲ್ಲಿ ಚಳವಳಿಯನ್ನೂ ಪಕ್ಷವನ್ನೂ ಬೇರ್ಪಡಿಸಬೇಕೆ ಎಂಬ ಪ್ರಶ್ನೆ ಬಂದಿತ್ತು. ಒಡಕಿನ ಭಯದಿಂದ ಮುಂದಕ್ಕೆ ಹಾಕಿದರು. ನಾಲ್ಕು ವರ್ಷ ತಡವಾಯಿತು. ನಿರ್ಧಾರ ಆಗಲೇ ಆಗಿದ್ದರೆ, ಮಸೀದಿಗಳ ವಿಷಯದಲ್ಲಿ ಯಾರು ಹೊಣೆ, ಸರ್ಕಾರದ ವಿಷಯದಲ್ಲಿ ಯಾರು ಹೊಣೆ ಎಂಬುದಾದರೂ ತಿಳಿಯಾಗುತ್ತಿತ್ತು.

2013: ಹಿಂದೆ ಸರಿದ ವರ್ಷ

2013ರ ಫೆಬ್ರುವರಿ 6ರಂದು ಎಡಪಂಥೀಯ ನಾಯಕ ಶುಕ್ರಿ ಬೆಲೈದ್ ಅವರನ್ನು ಮನೆಯ ಮುಂದೆ ಗುಂಡಿಕ್ಕಿ ಕೊಂದರು. ಜಿಬಾಲಿ ಪಕ್ಷರಹಿತ ತಜ್ಞರ ಸರ್ಕಾರ ಮಾಡೋಣವೆಂದರು, ಸ್ವಂತ ಪಕ್ಷವೇ ಒಪ್ಪಲಿಲ್ಲ, ರಾಜೀನಾಮೆ ಕೊಟ್ಟರು. ಲರಾಯೆದ್ ಪ್ರಧಾನಿಯಾದರು. ಜುಲೈ 3ರಂದು ಈಜಿಪ್ಟಿನಲ್ಲಿ ಸೈನ್ಯ ಅಲ್ಲಿನ ಚುನಾಯಿತ ಇಸ್ಲಾಮಿಸ್ಟ್ ಅಧ್ಯಕ್ಷ ಮೊಹಮ್ಮದ್ ಮುರ್ಸಿಯನ್ನು ಕಿತ್ತೊಗೆಯಿತು. ಜುಲೈ 25ರಂದು ಟ್ಯೂನಿಸ್‌ನಲ್ಲಿ ಇನ್ನೊಬ್ಬ ಎಡಪಂಥೀಯ ಸಂಸದ ಮೊಹಮ್ಮದ್ ಬ್ರಾಹ್ಮಿಯ ಕೊಲೆ. ಸಂಸತ್ತಿರುವ ಬಾರ್ದೋ ಚೌಕದಲ್ಲಿ ಜನ ಧರಣಿ ಕುಳಿತರು. ಕೊಲೆಗಳಿಗೆ ಅನ್ಸಾರ್ ಅಲ್ ಶರೀಯಾ ಎಂಬ ಸಲಫಿ ಗುಂಪು ಕಾರಣವೆಂದು ಸರ್ಕಾರ ಹೇಳಿ ಆಗಸ್ಟಿನಲ್ಲಿ ಅದನ್ನು ಭಯೋತ್ಪಾದಕ ಸಂಘಟನೆಯೆಂದು ಘೋಷಿಸಿತು. ತಡವಾದ ಘೋಷಣೆ.

ಅದೇ ಆಗಸ್ಟಿನಲ್ಲಿ ಘನ್ನೂಶಿ ಪ್ಯಾರಿಸ್ಸಿಗೆ ಹೋಗಿ ಆಗ ವಿರೋಧಪಕ್ಷದ ಮುಂದಾಳಾಗಿದ್ದ ಎಸ್ಸೆಬ್ಸಿಯವರನ್ನು ಭೇಟಿಯಾದರು. ಪಕ್ಷದೊಳಗೆ ಹಲವರಿಗೆ ಇದು ಸಹಿಸಲಾಗದ ನಡೆ. ಕಾರ್ಮಿಕ ಒಕ್ಕೂಟ, ಉದ್ಯಮಿಗಳ ಒಕ್ಕೂಟ, ಮಾನವ ಹಕ್ಕುಗಳ ಸಂಘ, ವಕೀಲರ ಸಂಘ ಸೇರಿ ನಡೆಸಿದ ರಾಷ್ಟ್ರೀಯ ಸಂವಾದದಲ್ಲಿ, ಸರ್ಕಾರ ಬಿಟ್ಟುಕೊಡುವ ಒಪ್ಪಂದಕ್ಕೆ ಎನ್ನಹ್ದಾ ಸಹಿ ಹಾಕಿತು. 2014ರ ಜನವರಿ 26ರಂದು ಸಂವಿಧಾನ 216ರಲ್ಲಿ 200 ಮತಗಳಿಂದ ಅಂಗೀಕಾರವಾಯಿತು. ಅದರ ಆರನೆಯ ವಿಧಿ ಆತ್ಮಸಾಕ್ಷಿಯ ಸ್ವಾತಂತ್ರ್ಯವನ್ನು ಕೊಟ್ಟಿತು, ಮಸೀದಿಗಳನ್ನು ಪಕ್ಷ ರಾಜಕೀಯಕ್ಕೆ ಬಳಸುವುದನ್ನು ತಡೆಯಿತು. ಚುನಾಯಿತ ಸರ್ಕಾರವೊಂದು ಸೈನ್ಯದ ಭಯವಿಲ್ಲದೆ, ಮಾತುಕತೆಯಿಂದ ಅಧಿಕಾರ ಬಿಟ್ಟುಕೊಟ್ಟದ್ದು ಆ ಭೂಭಾಗದ ಇತಿಹಾಸದಲ್ಲಿ ದೊಡ್ಡ ಘಟನೆ. ಸಂವಾದ ನಡೆಸಿದ ನಾಲ್ಕು ಸಂಸ್ಥೆಗಳಿಗೆ 2015ರ ನೊಬೆಲ್ ಶಾಂತಿ ಪ್ರಶಸ್ತಿ ಬಂದದ್ದು ಯೋಗ್ಯವೇ ಆಗಿತ್ತು.

ಆದರೆ ಪಕ್ಷದ ಮೈಗೆ ಒಂದು ಅಭ್ಯಾಸ ಅಂಟಿಕೊಂಡದ್ದೂ ಇಲ್ಲಿಂದಲೇ. ಇಬ್ಬರು ಹಿರಿಯರು ಕುಳಿತು ಮಾತನಾಡಿದರೆ ದೇಶ ಉಳಿಯುತ್ತದೆ ಎಂಬ ಪಾಠವನ್ನು ಎನ್ನಹ್ದಾ ಕಲಿಯಿತು. ಬಿಕ್ಕಟ್ಟಿನಲ್ಲಿ ಅದು ನಿಜವೇ. ಬಿಕ್ಕಟ್ಟು ಮುಗಿದ ಮೇಲೂ ಅದನ್ನೇ ಆಡಳಿತದ ರೀತಿಯಾಗಿಸಿಕೊಂಡದ್ದು ತಪ್ಪು. ಹಳೆಯ ಆಳ್ವಿಕೆಯವರನ್ನು ಚುನಾವಣೆಯಿಂದ ಹೊರಗಿಡುವ ಪ್ರಸ್ತಾವ 2014ರಲ್ಲಿ ಒಂದೇ ಒಂದು ಮತದಿಂದ ಬಿದ್ದುಹೋದದ್ದು ಎನ್ನಹ್ದಾ ನಾಯಕತ್ವದ ಇಚ್ಛೆಯಿಂದಲೇ. ಅಕ್ಟೋಬರ್ ಚುನಾವಣೆಯಲ್ಲಿ ಎಸ್ಸೆಬ್ಸಿಯ ನಿದಾ ತೂನಿಸ್ 86 ಸ್ಥಾನ ಗೆದ್ದು ಮೊದಲನೆಯದಾಯಿತು, ಎನ್ನಹ್ದಾ 69ಕ್ಕೆ ಇಳಿಯಿತು. ಇಬ್ಬರೂ ಸೇರಿ ಸರ್ಕಾರ ಮಾಡಿದರು. ಜಿಬಾಲಿ ಆ ಡಿಸೆಂಬರಿನಲ್ಲಿಯೇ ಪಕ್ಷ ತೊರೆದರು.

ಬೇರ್ಪಡಿಕೆ: ಏನು ಸಿಕ್ಕಿತು, ಏನು ಹೋಯಿತು

ಈಗ ಮತ್ತೆ 2016ಕ್ಕೆ ಬರೋಣ. ಬೇರ್ಪಡಿಕೆಗೆ ಮೂರು ಕಡೆಯಿಂದ ಒತ್ತಡವಿತ್ತು. 2011ರ ಸಂಘಗಳ ಕಾನೂನು ಸಂಘದ ಮುಖ್ಯಸ್ಥರಾದವರು ಪಕ್ಷದ ಕೇಂದ್ರ ಹುದ್ದೆಯಲ್ಲಿ ಇರಬಾರದೆಂದು ಹೇಳುತ್ತಿತ್ತು. ಹೊಸ ಸಂವಿಧಾನ ಮಸೀದಿಯ ಬಾಗಿಲನ್ನು ಪಕ್ಷಗಳಿಗೆ ಮುಚ್ಚಿತ್ತು. ಈಜಿಪ್ಟಿನ ಅನುಭವ ಬೇರೆ ಕಣ್ಣೆದುರಿಗಿತ್ತು. ಇವುಗಳ ಜತೆ ಪ್ರಾಮಾಣಿಕವಾದ ವಾದವೂ ಇತ್ತು. ಹಿಂದೆ ಪ್ರಭುತ್ವ ಧರ್ಮವನ್ನು ಅದುಮಿಟ್ಟಿತ್ತು, ಅದಕ್ಕಾಗಿ ಧರ್ಮವನ್ನು ಕಾಯುವ ರಾಜಕೀಯ ಬೇಕಿತ್ತು. ಈಗ ಸಂವಿಧಾನವೇ ಶ್ರದ್ಧೆಯ ಸ್ವಾತಂತ್ರ್ಯವನ್ನು ಕಾಯುತ್ತಿರುವಾಗ, ಪಕ್ಷ ಆ ಹೊರೆ ಹೊರಬೇಕಾಗಿಲ್ಲ. ಬೋಧಕನಿಗೆ ಮತ ಕೇಳುವ ಅಗತ್ಯವಿಲ್ಲದಿದ್ದರೆ ಅವನ ಮಾತಿಗೆ ಬೆಲೆ ಹೆಚ್ಚು. ಈ ವಾದದಲ್ಲಿ ನನಗೆ ಹುಳುಕು ಕಾಣುವುದಿಲ್ಲ.

ಕಾಣುವುದು ಬೇರೆ ಕಡೆ. ಚಳವಳಿಗೆ ಸದಸ್ಯರನ್ನು ಕೊಟ್ಟದ್ದು, ಅವರನ್ನು ಜೈಲಿನಲ್ಲಿಯೂ ಉಳಿಸಿದ್ದು ವಾರವಾರದ ಅಧ್ಯಯನ ಗುಂಪು, ಪರಸ್ಪರ ನೆರವು, ಒಟ್ಟಿಗೆ ಬಾಳುವ ನೀತಿ. ಅದನ್ನು ಹೊರಗೆ ಕಳಿಸಿದ ಮೇಲೆ ಪಕ್ಷದಲ್ಲಿ ಸದಸ್ಯನಿಗೆ ಉಳಿದ ಕೆಲಸವೇನು? ಚುನಾವಣೆ ಬಂದಾಗ ಮನೆ ಮನೆ ತಿರುಗುವುದು, ಮಿಕ್ಕ ಕಾಲದಲ್ಲಿ ನಾಯಕರ ಒಪ್ಪಂದಗಳನ್ನು ಸಮರ್ಥಿಸುವುದು. ಖಾಲಿಯಾದ ಜಾಗವನ್ನು ತುಂಬಬಹುದಾಗಿದ್ದದ್ದು ಒಂದು ಸ್ಪಷ್ಟವಾದ ಆರ್ಥಿಕ ನಿಲುವು. ಯುರೋಪಿನ ಕ್ರಿಶ್ಚಿಯನ್ ಡೆಮಾಕ್ರಾಟ್ ಪಕ್ಷಗಳೊಂದಿಗೆ ಎನ್ನಹ್ದಾ ತನ್ನನ್ನು ಹೋಲಿಸಿಕೊಳ್ಳುತ್ತಿತ್ತು. ಆ ಪಕ್ಷಗಳು ಬೆಳೆದದ್ದು ಕಾರ್ಮಿಕ ಸಂಘ, ರೈತ ಸಹಕಾರ, ಕುಟುಂಬ ಭತ್ಯೆ, ಪಿಂಚಣಿ ಇವುಗಳ ಮೂಲಕ. ಶ್ರದ್ಧೆಯಿಂದ ಹುಟ್ಟಿದ ಸಾಮಾಜಿಕ ಚಿಂತನೆ ಅವರ ಕೈಯಲ್ಲಿ ಬಜೆಟ್ಟಿನ ಸಾಲುಗಳಾಯಿತು. ಎನ್ನಹ್ದಾದಲ್ಲಿ ಹಾಗಾಗಲಿಲ್ಲ.

ರಾದೆಸ್‌ನಲ್ಲಿ ಅಧಿವೇಶನ ಆರಂಭವಾದ ಅದೇ ಮೇ 20ರಂದು ಅಂತಾರಾಷ್ಟ್ರೀಯ ಹಣಕಾಸು ನಿಧಿ ಟ್ಯುನೀಷಿಯಾಕ್ಕೆ ಸುಮಾರು 290 ಕೋಟಿ ಡಾಲರ್ ಸಾಲಕ್ಕೆ ಒಪ್ಪಿಗೆ ಕೊಟ್ಟಿತು. ವೇತನ ವೆಚ್ಚಕ್ಕೆ ಕಡಿವಾಣ, ಸಬ್ಸಿಡಿ ಇಳಿಕೆ, ತೆರಿಗೆ ಸುಧಾರಣೆ ಆ ಸಾಲದ ಹಿಂದಿದ್ದ ಷರತ್ತುಗಳು. ಅದೇ ವರ್ಷದ ಜನವರಿಯಲ್ಲಿ ಕಸ್ಸರೀನ್ ಪ್ರಾಂತದಲ್ಲಿ ಕೆಲಸ ಕೇಳಿದ ಯುವಕರು ಬೀದಿಗಿಳಿದಿದ್ದರು. ಬಂಡಾಯ ಎದ್ದ ಒಳನಾಡಿನ ಜನರ ಬದುಕು ಮುಂದಿನ ವರ್ಷಗಳಲ್ಲಿ ಹೇಗಿರಬೇಕೆಂದು ತೀರ್ಮಾನಿಸಿದ ಕಾಗದ ಅದು. ಅಧಿವೇಶನದ ಸುದ್ದಿಯೆಲ್ಲ ಧರ್ಮ ಮತ್ತು ರಾಜಕೀಯದ ಬೇರ್ಪಡಿಕೆಯ ಸುತ್ತ ತಿರುಗಿತು. 2018ರ ಬಜೆಟ್ಟಿನಲ್ಲಿ ತೆರಿಗೆ ಏರಿ, ಇಂಧನದ ಬೆಲೆ ಏರಿ ಮತ್ತೆ ಪ್ರತಿಭಟನೆಗಳಾದಾಗ ಎನ್ನಹ್ದಾ ಸರ್ಕಾರದ ಪಾಲುದಾರ. 2017ರ ಸೆಪ್ಟೆಂಬರಿನಲ್ಲಿ ಬೆನ್ ಅಲಿ ಕಾಲದ ಭ್ರಷ್ಟ ವ್ಯವಹಾರಗಳಲ್ಲಿ ಕೈಯಿದ್ದ ಅಧಿಕಾರಿಗಳಿಗೆ ಕ್ಷಮಾದಾನ ಕೊಡುವ ಕಾನೂನಿಗೂ ಅದರ ಬೆಂಬಲವಿತ್ತು. ಆ ಆಳ್ವಿಕೆಯ ಕೈಯಲ್ಲಿ ಏಟು ತಿಂದವರ ಪಕ್ಷ ಆ ಕಾನೂನಿಗೆ ಕೈ ಎತ್ತಿದ್ದನ್ನು ಸಮನ್ವಯವೆಂದು ಕರೆಯಲು ನನ್ನಿಂದಾಗದು.

ಗಳಿಕೆಗಳೂ ಇದ್ದವು. 2018ರ ಸ್ಥಳೀಯ ಸಂಸ್ಥೆಗಳ ಚುನಾವಣೆಯಲ್ಲಿ ಪಕ್ಷಗಳ ಪೈಕಿ ಅದೇ ಮೊದಲು ಬಂತು. ಅದರ ಪಟ್ಟಿಯಿಂದ ಗೆದ್ದ ಸುಆದ್ ಅಬ್ದುರ್ರಹೀಂ ಟ್ಯೂನಿಸ್‌ನ ಮೊದಲ ಮಹಿಳಾ ಮೇಯರ್ ಆದರು. ಮೊನಾಸ್ತೀರ್‌ನಲ್ಲಿ ಯಹೂದಿ ಅಭ್ಯರ್ಥಿಯೊಬ್ಬರು ಅದರ ಪಟ್ಟಿಯಲ್ಲಿ ನಿಂತರು. ಆದರೆ ಅದೇ ಆಗಸ್ಟಿನಲ್ಲಿ ಹೆಣ್ಣು ಗಂಡು ಮಕ್ಕಳಿಗೆ ಸಮಾನ ಆಸ್ತಿ ಹಕ್ಕು ಕೊಡಬೇಕೆಂದು ಎಸ್ಸೆಬ್ಸಿ ಪ್ರಸ್ತಾಪಿಸಿದಾಗ ಎನ್ನಹ್ದಾದ ಒಳಗಿನ ಸಲಹಾ ಸಭೆಯಾದ ಶೂರಾ ಮಂಡಳಿ ಕುರಾನಿನ ವಚನಕ್ಕೆ ವಿರುದ್ಧವೆಂದು ತಿರಸ್ಕರಿಸಿತು. ಪಕ್ಷ ಬೋಧೆಯನ್ನು ಬಿಟ್ಟಿದ್ದರೂ ಅದರ ಮತದಾರರು ಶ್ರದ್ಧಾವಂತರೇ. ಅವರ ಮಾತನ್ನು ಕೇಳುವುದು ಪಕ್ಷವೊಂದಕ್ಕೆ ಅಪರಾಧವಲ್ಲ. ಹಾಗಿದ್ದರೂ ಬೇರ್ಪಡಿಕೆಯ ಗೆರೆ ಎಲ್ಲಿ ಹಾದುಹೋಗುತ್ತದೆ ಎಂಬುದನ್ನು ಪಕ್ಷ ತನ್ನವರೊಡನೆ ಕುಳಿತು ಚರ್ಚಿಸಲೇ ಇಲ್ಲ ಎಂಬುದು ಆಗ ಬಯಲಾಯಿತು.

ಒಳಗಿನ ಪ್ರಜಾಪ್ರಭುತ್ವ

2019ರ ಅಕ್ಟೋಬರ್ ಚುನಾವಣೆಯಲ್ಲಿ ಎನ್ನಹ್ದಾಗೆ 52 ಸ್ಥಾನ, ಸುಮಾರು 5.6 ಲಕ್ಷ ಮತ. 2014ರಲ್ಲಿ ಅದು ಸುಮಾರು 9.5 ಲಕ್ಷವಿತ್ತು. 2011ರಿಂದ ಎಂಟು ವರ್ಷಗಳಲ್ಲಿ ಮೂರರಲ್ಲಿ ಎರಡು ಪಾಲು ಮತದಾರರು ಕೈಬಿಟ್ಟರು. ಅದಕ್ಕೂ ಮುಂಚೆ ನಡೆದ ಅಧ್ಯಕ್ಷೀಯ ಚುನಾವಣೆಯಲ್ಲಿ ಪಕ್ಷಕ್ಕೆ ಮರಳಿ ಅಭ್ಯರ್ಥಿಯಾಗಿದ್ದ ಅಬ್ದುಲ್ ಫತ್ತಾಹ್ ಮೂರೂ ಅವರಿಗೆ ಮೂರನೆಯ ಸ್ಥಾನ ಸಿಕ್ಕಿತು. ಪ್ರಚಾರದಲ್ಲಿ ಮಾಧ್ಯಮ ಉದ್ಯಮಿ ನಬೀಲ್ ಕರೂಯಿಯ ಪಕ್ಷದೊಂದಿಗೆ ಮೈತ್ರಿ ಇಲ್ಲವೆಂದು ಎನ್ನಹ್ದಾ ಮತದಾರರಿಗೆ ಮಾತು ಕೊಟ್ಟಿತ್ತು. ಕರೂಯಿ ಮೇಲೆ ತೆರಿಗೆ ವಂಚನೆ ಮತ್ತು ಹಣ ಅಕ್ರಮದ ಆರೋಪಗಳಿದ್ದವು. ನವೆಂಬರಿನಲ್ಲಿ ಘನ್ನೂಶಿ ಸಂಸತ್ತಿನ ಸಭಾಧ್ಯಕ್ಷರಾಗಿ ಆಯ್ಕೆಯಾದದ್ದು ಆ ಪಕ್ಷದ ಮತಗಳ ನೆರವಿನಿಂದಲೇ. ಎನ್ನಹ್ದಾ ಎರಡನೆಯ ಸುತ್ತಿನಲ್ಲಿ ಬೆಂಬಲಿಸಿದ್ದ ಸಂವಿಧಾನ ಪಂಡಿತ ಕೈಸ್ ಸಯೀದ್ ದೇಶದ ಅಧ್ಯಕ್ಷರಾದರು.

ಪಕ್ಷದ ನಿಯಮದ ಪ್ರಕಾರ ಒಬ್ಬರು ಎರಡು ಅವಧಿಗಿಂತ ಹೆಚ್ಚು ಕಾಲ ಅಧ್ಯಕ್ಷರಾಗುವಂತಿಲ್ಲ. 2020ರ ಸೆಪ್ಟೆಂಬರಿನಲ್ಲಿ ನೂರು ಮಂದಿ ಪ್ರಮುಖ ಸದಸ್ಯರು ಘನ್ನೂಶಿಗೆ ಪತ್ರ ಬರೆದು, ಮತ್ತೆ ಸ್ಪರ್ಧಿಸುವುದಿಲ್ಲವೆಂದು ಸಾರಬೇಕೆಂದು ಕೇಳಿಕೊಂಡರು. 2005ರಲ್ಲಿ ಉಪವಾಸ ಕುಳಿತ ದಿಲೂ ಸಹಿ ಹಾಕಿದವರಲ್ಲಿ ಒಬ್ಬರು. ನಾಯಕರು ಒಪ್ಪಲಿಲ್ಲ, ಅಧಿವೇಶನ ಮುಂದೂಡುತ್ತ ಹೋಯಿತು. ದೇಶಕ್ಕೆ ಅವಧಿಮಿತಿಯ ಸಂವಿಧಾನ ಬರೆದುಕೊಟ್ಟ ಪಕ್ಷ ತನ್ನ ಮನೆಯಲ್ಲಿ ಅದನ್ನು ಪಾಲಿಸಲು ಹಿಂಜರಿಯಿತು. ಚಳವಳಿಯಲ್ಲಿ ಗುರುವಿನ ಸ್ಥಾನ ಆಜೀವ ಇರಬಹುದು. ಪಕ್ಷದಲ್ಲಿ ಅಧ್ಯಕ್ಷನ ಸ್ಥಾನ ಹಾಗಲ್ಲ. ಬೋಧೆಯನ್ನು ಬೇರ್ಪಡಿಸಿದವರು ಗುರುವನ್ನು ಬೇರ್ಪಡಿಸಲಿಲ್ಲ. ನನ್ನ ದೃಷ್ಟಿಯಲ್ಲಿ 2016ರ ಕೆಲಸ ಅರ್ಧಕ್ಕೆ ನಿಂತದ್ದು ಇಲ್ಲಿ.

2021ರ ಜುಲೈ 25ರಂದು, ಕೋವಿಡ್ ಸಾವುಗಳೂ ಬಡತನವೂ ಜನರ ತಾಳ್ಮೆಯನ್ನು ಕೆಡಿಸಿದ್ದಾಗ, ಹಲವು ಊರುಗಳಲ್ಲಿ ಎನ್ನಹ್ದಾ ಕಚೇರಿಗಳ ಮೇಲೆ ದಾಳಿಗಳಾದವು. ಆ ರಾತ್ರಿ ಸಯೀದ್ ಪ್ರಧಾನಿಯನ್ನು ವಜಾ ಮಾಡಿ ಸಂಸತ್ತನ್ನು ಅಮಾನತಿನಲ್ಲಿಟ್ಟರು. ಮುಚ್ಚಿದ ಸಂಸತ್ತಿನ ಗೇಟಿನ ಮುಂದೆ ಎಂಬತ್ತರ ಘನ್ನೂಶಿ ಬಂದು ನಿಂತಾಗ ಒಳಗಿದ್ದ ಸೈನಿಕರು ಬಿಡಲಿಲ್ಲ. 2011ರಲ್ಲಿ ವಿಮಾನ ನಿಲ್ದಾಣ ತುಂಬಿಸಿದ್ದ ಜನ ಅಲ್ಲಿಗೆ ಬರಲಿಲ್ಲ. ಸೆಪ್ಟೆಂಬರಿನಲ್ಲಿ 113 ಪ್ರಮುಖ ಸದಸ್ಯರು ಒಟ್ಟಾಗಿ ರಾಜೀನಾಮೆ ಕೊಟ್ಟರು, ಅವರಲ್ಲಿ ದಿಲೂ ಕೂಡ ಇದ್ದರು.

2022ರಲ್ಲಿ ಸಯೀದ್ ಸಂಸತ್ತನ್ನು ವಿಸರ್ಜಿಸಿ, ತಮ್ಮದೇ ಸಂವಿಧಾನವನ್ನು ಜನಮತಗಣನೆಗೆ ಹಾಕಿ ಜಾರಿಗೆ ತಂದರು. ಅದರ ಐದನೆಯ ವಿಧಿಯ ಪ್ರಕಾರ ಟ್ಯುನೀಷಿಯಾ ಇಸ್ಲಾಮಿಕ್ ಸಮುದಾಯದ ಭಾಗ, ಇಸ್ಲಾಮಿನ ಉದ್ದೇಶಗಳನ್ನು ಸಾಧಿಸಲು ದುಡಿಯಬೇಕಾದದ್ದು ಪ್ರಭುತ್ವವೊಂದೇ. ಧರ್ಮವನ್ನು ಸಮಾಜಕ್ಕೆ ಬಿಟ್ಟು ಪಕ್ಷವನ್ನು ರಾಜಕೀಯಕ್ಕೆ ಬಿಡೋಣ ಎಂಬ ಎನ್ನಹ್ದಾದ ಬೇರ್ಪಡಿಕೆಗೆ ಇದು ನೇರ ವಿರುದ್ಧ. ಧರ್ಮವೂ ರಾಜಕೀಯವೂ ಒಬ್ಬನೇ ಆಳುವವನ ಕೈಗೆ ಮರಳಿದವು.

ಸಯೀದ್ ವಿರುದ್ಧ ಅದೇ ವರ್ಷ ಹುಟ್ಟಿದ ರಾಷ್ಟ್ರೀಯ ಮುಕ್ತಿ ರಂಗಕ್ಕೆ ಎನ್ನಹ್ದಾ ಸೇರಿತು. ಅದರ ಮುಂದಾಳು ನಜೀಬ್ ಶೆಬ್ಬಿ, 2005ರ ಉಪವಾಸದ ಅದೇ ಜಾತ್ಯತೀತ ನಾಯಕ. ನಡುವೆ ಹಲವು ವರ್ಷ ಅವರು ಎನ್ನಹ್ದಾದ ಕಟು ಎದುರಾಳಿಯಾಗಿದ್ದರು. 2023ರ ಏಪ್ರಿಲ್‌ನಲ್ಲಿ, ರಂಜಾನಿನ ಕೊನೆಯ ದಿನಗಳಲ್ಲಿ ಆ ರಂಗ ನಡೆಸಿದ ಸಂಜೆಯ ಸಭೆಯೊಂದರಲ್ಲಿ ಘನ್ನೂಶಿ, ಎನ್ನಹ್ದಾವನ್ನಾಗಲಿ ಎಡಪಂಥವನ್ನಾಗಲಿ ಬೇರಾವುದೇ ಘಟಕವನ್ನಾಗಲಿ ಹೊರಗಿಟ್ಟು ಟ್ಯುನೀಷಿಯಾವನ್ನು ಕಲ್ಪಿಸಿಕೊಳ್ಳುವುದು ಅಂತರ್ಯುದ್ಧಕ್ಕೆ ದಾರಿ ಎಂಬರ್ಥದ ಮಾತನಾಡಿದರು. ಏಪ್ರಿಲ್ 17ರಂದು ಪೊಲೀಸರು ಮನೆಯಿಂದ ಅವರನ್ನು ಕರೆದೊಯ್ದರು, ಪಕ್ಷದ ಕೇಂದ್ರ ಕಚೇರಿಯನ್ನು ಮುಚ್ಚಿಸಿದರು. 2025ರ ಫೆಬ್ರುವರಿಯಲ್ಲಿ ಬೇರೊಂದು ಮೊಕದ್ದಮೆಯಲ್ಲಿ ಅವರಿಗೆ 22 ವರ್ಷದ ಶಿಕ್ಷೆಯಾಯಿತು. ಅದೇ ಏಪ್ರಿಲ್‌ನಲ್ಲಿ ಪ್ರಭುತ್ವದ ವಿರುದ್ಧ ಸಂಚಿನ ಆರೋಪದ ಮೇಲೆ ದೀರ್ಘ ಶಿಕ್ಷೆಗೆ ಗುರಿಯಾದವರಲ್ಲಿ ಎನ್ನಹ್ದಾದವರೂ ಇದ್ದರು, ಉದಾರವಾದಿಗಳೂ ಎಡಪಂಥೀಯರೂ ಇದ್ದರು.